ಜಾನಿ ಅಬಾರಿಯೆಂಟೋಸ್ ನೋಡಿ ನಾನು ಬಾಲ್ ಕಸಿಯೋದು ಕಲಿತೆ

ನನ್ನ ಎತ್ತರ ಐದು ಅಡಿ ಐದು ಇಂಚು. ಮೈಸೂರಿನಲ್ಲಿ ಹೈಸ್ಕೂಲಿನಿಂದ ಕಾಲೇಜು ಮುಗಿಯುವವರೆಗೂ ಬಾಸ್ಕೆಟ್‌ಬಾಲ್ ತಂಡದಲ್ಲಿದ್ದೆ. ಆಡಿದ್ದಕ್ಕಿಂತ ಬೆಂಚಿನ ಮೇಲೆ ಕೂತಿದ್ದೇ ಜಾಸ್ತಿ. "ಆಟ ಚೆನ್ನಾಗಿದೆ ಕಣೋ, ಏನ್ ಮಾಡೋದು, ಹೈಟ್ ಇಲ್ವಲ್ಲ" ಅಂತ ಕೋಚ್ ಒಬ್ಬರು ಹೇಳಿದ್ದರು. ಆ ಮಾತನ್ನು ವರ್ಷಗಟ್ಟಲೆ ನಂಬಿಕೊಂಡೇ ಇದ್ದೆ. ಅದನ್ನು ಸುಳ್ಳು ಮಾಡಿದ್ದು ಫಿಲಿಪೀನ್ಸ್‌ನ ಆಟಗಾರ ಜಾನಿ ಅಬಾರಿಯೆಂಟೋಸ್.

2013ರಲ್ಲಿ ಕೆಲಸದ ಮೇಲೆ ಮನಿಲಾಕ್ಕೆ ಹೋದೆ. ಒರ್ಟಿಗಾಸ್‌ನಲ್ಲಿ ಆಫೀಸು, ಹತ್ತಿರದ ಪಾಸಿಗ್‌ನಲ್ಲಿ ಬಾಡಿಗೆ ಮನೆ. ಮನೆ ಹಿಂದೆಯೇ ಬರಂಗಾಯ್ ಕೋರ್ಟ್. ಬರಂಗಾಯ್ ಅಂದರೆ ನಮ್ಮ ವಾರ್ಡ್ ಇದ್ದ ಹಾಗೆ. ಮೇಲೆ ತಗಡಿನ ಚಾವಣಿ, ಕೆಳಗೆ ಸಿಮೆಂಟ್ ನೆಲ. ಹುಟ್ಟುಹಬ್ಬದ ಊಟ, ಚುನಾವಣೆ ಸಭೆ ಎಲ್ಲ ಅಲ್ಲೇ. ಚಂಡಮಾರುತ ಬಂದಾಗ ಜನ ಚಾಪೆ ಹಾಸಿ ಮಲಗೋದೂ ಅಲ್ಲೇ. ಉಳಿದ ಹೊತ್ತೆಲ್ಲ ಬಾಸ್ಕೆಟ್‌ಬಾಲ್. ಹುಡುಗರು ಹವಾಯಿ ಚಪ್ಪಲಿ ಹಾಕಿಕೊಂಡೇ ಓಡಿ ಹಾರಿ ಬಾಲ್ ಹಾಕುತ್ತಾರೆ. ನಮ್ಮಲ್ಲಿ ಗಲ್ಲಿಗೊಂದು ಕ್ರಿಕೆಟ್ ಇರುವ ಹಾಗೆ ಅಲ್ಲಿ ಗಲ್ಲಿಗೊಂದು ರಿಂಗ್. ಆಟವನ್ನು ತಂದವರು ಅಮೆರಿಕನ್ನರು, ಆದರೆ 1954ರ ವಿಶ್ವ ಚಾಂಪಿಯನ್‌ಶಿಪ್‌ನಲ್ಲೇ ಫಿಲಿಪೀನ್ಸ್ ಮೂರನೇ ಸ್ಥಾನ ಗೆದ್ದಿತ್ತು. 1975ರಲ್ಲಿ ಶುರುವಾದ ಅಲ್ಲಿನ ಪಿಬಿಎ ಏಷ್ಯಾದ ಮೊದಲ ವೃತ್ತಿಪರ ಬಾಸ್ಕೆಟ್‌ಬಾಲ್ ಲೀಗ್. ಅಲ್ಲಿ ತಂಡಗಳಿಗೆ ಊರಿನ ಹೆಸರಿಲ್ಲ, ಕಂಪನಿಯ ಹೆಸರು. ಹಿಂದೆ ಹಾಲಿನ ಕಂಪನಿಯದೊಂದು ತಂಡ, ಸಾಫ್ಟ್ ಡ್ರಿಂಕ್ ಕಂಪನಿಯದೊಂದು ಇದ್ದವು, ಜಿನ್ ಕಂಪನಿಯದು ಈಗಲೂ ಇದೆ.

ಮೊದಲ ಸಂಜೆ ಕೋರ್ಟಿಗೆ ಇಳಿದಾಗ ನನ್ನ ಮೂರು ಶಾಟ್ ಸಾಲಾಗಿ ಬ್ಲಾಕ್ ಆದವು. ಯಾರೋ "ಪಂಡಾಕ್" ಅಂದರು. ಕುಳ್ಳ ಅಂತ ಅರ್ಥ. ಮನೆ ಮಾಲೀಕರು ಪಕ್ಕದಲ್ಲೇ ಚಿಲ್ಲರೆ ಅಂಗಡಿ ಇಟ್ಟಿದ್ದರು. ಅವರನ್ನು ಎಲ್ಲರೂ 'ಕುಯ' ಅನ್ನುತ್ತಿದ್ದರು. ಕುಯ ಅಂದರೆ ಅಣ್ಣ. ನಾನೂ ಹಾಗೇ ಕರೆಯುತ್ತಿದ್ದೆ. ಆಟ ಮುಗಿದ ಮೇಲೆ ತಣ್ಣನೆಯ ನೀರಿನ ಬಾಟಲಿ ಕೈಗೆ ಕೊಟ್ಟು, ಫೋನಿನಲ್ಲಿ ಒಂದು ಹಳೇ ವಿಡಿಯೋ ಹಾಕಿದರು. 1996ರ ಅಲಾಸ್ಕ ತಂಡದ ಮ್ಯಾಚು. ಹಾಲಿನ ಕಂಪನಿಯ ತಂಡ ಅಂದೆನಲ್ಲ, ಅದೇ. "14ನೇ ನಂಬರ್ ನೋಡು. ಬಾಲ್ ನೋಡಬೇಡ, ಅವನ ಕಾಲು ನೋಡು" ಅಂದರು.

ಆ 14ನೇ ನಂಬರ್ ಜಾನಿ ಅಬಾರಿಯೆಂಟೋಸ್. ಎತ್ತರ ಐದು ಅಡಿ ಏಳು ಇಂಚು. ಎಫ್‌ಇಯು ವಿಶ್ವವಿದ್ಯಾಲಯದ ತಂಡದಲ್ಲಿ ಆಡಿ ಹೆಸರು ಮಾಡಿ, 1993ರಲ್ಲಿ ಅಲಾಸ್ಕ ಸೇರಿದವರು. ಜನ ಇಟ್ಟ ಹೆಸರು 'ಫ್ಲೈಯಿಂಗ್ ಎ'. 1996ರಲ್ಲಿ ಅಲಾಸ್ಕ ಒಂದೇ ವರ್ಷದಲ್ಲಿ ಲೀಗಿನ ಮೂರೂ ಕಪ್ ಗೆದ್ದಿತು. ಅದನ್ನು ಅಲ್ಲಿ ಗ್ರ್ಯಾಂಡ್ ಸ್ಲಾಮ್ ಅನ್ನುತ್ತಾರೆ. ಪಿಬಿಎ ಇತಿಹಾಸದಲ್ಲಿ ಅದು ಐದೇ ಸಲ ಆಗಿದೆ. ಆ ವರ್ಷದ ಎಂವಿಪಿ, ಅಂದರೆ ಲೀಗಿನ ಅತ್ಯುತ್ತಮ ಆಟಗಾರ, ಅಬಾರಿಯೆಂಟೋಸ್. ಆ ಲೀಗಿನಲ್ಲಿ ಎಂವಿಪಿ ಆದವರಲ್ಲೇ ಅತಿ ಕುಳ್ಳರು. ಆ ತಂಡದ ವಿದೇಶಿ ಆಟಗಾರ ಶಾನ್ ಚೇಂಬರ್ಸ್ ಕೂಡ ಸುಮಾರು ಆರು ಅಡಿ ಒಂದು ಇಂಚು ಅಷ್ಟೇ.  ಇದನ್ನು ತಿಳಿದ ದಿನ ರಾತ್ರಿ ನನಗೆ ನಿದ್ದೆ ಬರಲಿಲ್ಲ.

ವಿಡಿಯೋ ಮತ್ತೆ ಮತ್ತೆ ನೋಡಿದೆ. ಎಲ್ಲರೂ ಅವರ ವೇಗದ ಬಗ್ಗೆ ಮಾತಾಡುತ್ತಾರೆ. ವೇಗ ಇತ್ತು, ನಿಜ. ಆದರೆ ನನಗೆ ಕಂಡಿದ್ದು ಬೇರೆ. ಬಾಲ್ ಕಸಿಯುವ ಮುಂಚೆ ಅವರು ತಮ್ಮ ಎದುರಾಳಿಯಿಂದ ಒಂದು ಹೆಜ್ಜೆ ದೂರ ಇರುತ್ತಾರೆ. ಆ ಜಾಗ ನೋಡಿ ಪಾಸ್ ಕೊಡುವವನಿಗೆ ದಾರಿ ಖಾಲಿ ಇದೆ ಅನಿಸುತ್ತದೆ. ಅವನ ಭುಜ ತಿರುಗಿದ ಕೂಡಲೇ ಇವರ ಹಿಂಗಾಲು ನೆಲ ಒತ್ತುತ್ತದೆ. ಬಾಲ್ ಅವನ ಕೈ ಬಿಡುವ ಹೊತ್ತಿಗೆ ಇವರು ಅರ್ಧ ದಾರಿ ದಾಟಿರುತ್ತಾರೆ. ಹಾರೋದರ ಮಾತೇ ಇಲ್ಲಿಲ್ಲ. ಮುಂಚೆ ಹೊರಟಿರೋದು, ಅಷ್ಟೇ.

ಇದನ್ನು ಅಭ್ಯಾಸ ಮಾಡಿದ್ದು ಹೀಗೆ. ಬೆಳಿಗ್ಗೆ ಐದೂವರೆಗೆ, ಬಿಸಿಲು ಏರುವ ಮುಂಚೆ, ಕುಯ ಅವರ ಮಗ ಮತ್ತು ಅವನ ಗೆಳೆಯ ಕೋರ್ಟಿಗೆ ಬರುತ್ತಿದ್ದರು. ಇಬ್ಬರೂ ಹತ್ತು ಹೆಜ್ಜೆ ದೂರ ನಿಂತು ಟೆನ್ನಿಸ್ ಬಾಲ್ ಎಸೆಯಬೇಕು. ನಾನು ನಡುವೆ, ಆದರೆ ನೇರ ಸಾಲಿನಲ್ಲಲ್ಲ, ಒಂದೂವರೆ ಹೆಜ್ಜೆ ಪಕ್ಕಕ್ಕೆ. ಬಾಲ್ ಕಡೆ ನೋಡುವ ಹಾಗಿಲ್ಲ, ಎಸೆಯುವವನ ಭುಜ ಮಾತ್ರ. ಹುಡುಗರಿಗೆ ಸುಮ್ನೆ ಎಸೆಯುವ ಹಾಗೆ ನಟಿಸೋದಕ್ಕೂ ಹೇಳಿದ್ದೆ. ಕಣ್ಣು ಸುಳ್ಳು ಹೇಳುತ್ತದೆ, ತಲೆಯೂ ಹೇಳುತ್ತದೆ. ಆದರೆ ಭುಜ ಪೂರ್ತಿ ತಿರುಗಿದ ಮೇಲೆ ಬಾಲ್ ತಡೆದುಕೊಳ್ಳೋದು ತುಂಬ ಕಷ್ಟ. ಮೊದಲ ವಾರ ಹತ್ತಕ್ಕೆ ಎರಡೂ ಸಿಗಲಿಲ್ಲ. ಮೂರನೇ ತಿಂಗಳ ಹೊತ್ತಿಗೆ ಹತ್ತರಲ್ಲಿ ಐದು ಕೈಗೆ ಬರುತ್ತಿದ್ದವು. ಆಮೇಲೆ ನಿಜವಾದ ಬಾಲ್ ಹಿಡಿದೆವು.

ಡ್ರಿಬಲ್ ಮಾಡುವವನಿಂದ ಕಸಿಯೋದು ಬೇರೆ ಕೆಲಸ. ನಾನು ಮೇಲಿಂದ ಕೈ ಬೀಸುತ್ತಿದ್ದೆ. ಬಾಲ್ ತಪ್ಪಿದರೆ ಕೈ ಅವನ ತೋಳಿಗೆ ಬೀಳುತ್ತಿತ್ತು, ಫೌಲ್. ಕುಯ ಒಂದು ದಿನ ಅಂಗಡಿಯಿಂದಲೇ ಎದ್ದು ಬಂದು ನನ್ನ ಮಣಿಕಟ್ಟು ಹಿಡಿದು ಅಂಗೈ ಮೇಲೆ ತಿರುಗಿಸಿದರು. ನೀರಿನಿಂದ ಏನೋ ಎತ್ತಿಕೊಳ್ಳುವ ಹಾಗೆ, ಕೆಳಗಿನಿಂದ ಮೇಲಕ್ಕೆ. ಬಾಲ್ ನೆಲಕ್ಕೆ ಬಡಿದು ಮೇಲೇಳುವಾಗ ತಟ್ಟಬೇಕು. ಆಗ ಅದು ಅವನ ಕೈಯಲ್ಲೂ ಇರೋದಿಲ್ಲ, ನೆಲದಲ್ಲೂ ಇರೋದಿಲ್ಲ. ಇದಕ್ಕೆ ಸೊಂಟ ತಗ್ಗಿರಬೇಕು. ಇಲ್ಲಿ ಕುಳ್ಳಗಿರೋದೇ ಲಾಭ. ಆರಡಿಯವನು ಬಗ್ಗಿ ಬರುವ ಜಾಗದಲ್ಲಿ ನಾನು ಆಗಲೇ ಇರುತ್ತೇನೆ.

ಒಂದು ಎಚ್ಚರಿಕೆ ಮಾತ್ರ ಖಂಡಿತ ಹೇಳಬೇಕು. ಪಾಸ್ ಕಸಿಯೋಕೆ ಹೋಗಿ ತಪ್ಪಿದರೆ ಹಿಂದೆ ನಿಮ್ಮವರು ನಾಲ್ಕೇ ಜನ, ಎದುರಿಗೆ ಐದು. ನಾನು ಈ ತಪ್ಪು ಎಷ್ಟು ಸಲ ಮಾಡಿದೆನೋ. ಆಮೇಲೆ ಒಂದು ನಿಯಮ ಇಟ್ಟುಕೊಂಡೆ: ಒಬ್ಬನ ಮೇಲೆ ಮೊದಲ ಐದು ನಿಮಿಷ ಪ್ರಯತ್ನವನ್ನೇ ಮಾಡೋದಿಲ್ಲ. ಅವನು ಯಾವ ಕಡೆ ಹೆಚ್ಚು ಪಾಸ್ ಕೊಡುತ್ತಾನೆ, ಸುಸ್ತಾದಾಗ ಏನು ಮಾಡುತ್ತಾನೆ, ಇಷ್ಟನ್ನೇ ನೋಡೋದು.

ಬಾಲ್ ನಮ್ಮ ಕೈಲಿದ್ದಾಗಲೂ ಅದೇ ಪಾಠ. ಅಲಾಸ್ಕ ಕೋಚ್ ಟಿಮ್ ಕೋನ್ ಟ್ರಯಾಂಗಲ್ ಅನ್ನುವ ದಾಳಿಯ ಪದ್ಧತಿ ಆಡಿಸುತ್ತಿದ್ದರು. ಅದರಲ್ಲಿ ಪಾಯಿಂಟ್ ಗಾರ್ಡ್, ಅಂದರೆ ಬಾಲ್ ತಂದು ಆಟ ಶುರು ಮಾಡುವವನು, ಬಾಲ್ ಹಿಡಿದುಕೊಂಡು ನಿಲ್ಲೋದಿಲ್ಲ. ಪಕ್ಕಕ್ಕೆ ಪಾಸ್ ಕೊಟ್ಟು ಮೂಲೆಗೆ ಓಡುತ್ತಾನೆ. ಲೀಗಿನ ಅಷ್ಟು ದೊಡ್ಡ ಗಾರ್ಡ್ ಬಾಲ್ ಬಿಟ್ಟುಕೊಟ್ಟು ಓಡಲು ಒಪ್ಪಿದ್ದು ನನಗೆ ತುಂಬ ಇಷ್ಟವಾದ ವಿಷಯ. ನಾನೂ ಹಾಗೆ ಮಾಡಿದ ಮೇಲೆ ನನ್ನ ಶಾಟ್ ಬ್ಲಾಕ್ ಆಗೋದು ಕಡಿಮೆಯಾಯಿತು. ಮೂಲೆಗೆ ಬಾಲ್ ವಾಪಸ್ ಬಂದಾಗ ಎದುರಿಗೆ ಯಾರೂ ಇರುತ್ತಿರಲಿಲ್ಲ.

ಅಬಾರಿಯೆಂಟೋಸ್‌ಗೆ ಅಮೆರಿಕದ ಎನ್‌ಬಿಎ ಲೀಗಿನ ಶಾರ್ಲೆಟ್ ಹಾರ್ನೆಟ್ಸ್‌ನಿಂದ ಕರೆ ಬರೋದಿತ್ತು ಅನ್ನುವ ಮಾತು ಅಲ್ಲಿ ಇವತ್ತಿಗೂ ಓಡಾಡುತ್ತದೆ. ಐದು ಅಡಿ ಮೂರು ಇಂಚಿನ ಮಗ್ಸಿ ಬೋಗ್ಸ್ ಆಡುತ್ತಿದ್ದ ತಂಡ ಅದು. ಆ ಮಾತು ಬಂದಾಗೆಲ್ಲ ಕುಯ ತಲೆ ಅಲ್ಲಾಡಿಸಿ "ಸಾಯಾಂಗ್" ಅನ್ನುತ್ತಿದ್ದರು. ಕೈಗೆ ಬಂದದ್ದು ತಪ್ಪಿತಲ್ಲ ಅನ್ನುವ ಸಂಕಟದ ಮಾತು ಅದು. ನನಗೆ ಆ ಸಂಕಟ ಅಷ್ಟಿಲ್ಲ. 1998ರ ಬ್ಯಾಂಕಾಕ್ ಏಷ್ಯನ್ ಗೇಮ್ಸ್‌ನಲ್ಲಿ ಕಂಚು ಗೆದ್ದ ಫಿಲಿಪೀನ್ಸ್ ತಂಡದಲ್ಲಿ ಅವರಿದ್ದರು. ಆಮೇಲೆ ಅಲಾಸ್ಕ ಅವರನ್ನು ಪಾಪ್ ಕೋಲಾ ತಂಡಕ್ಕೆ ಬಿಟ್ಟುಕೊಟ್ಟಿತು. ಆ ತಂಡ ಕೋಕಾ-ಕೋಲಾ ಆಯಿತು, 2002ರಲ್ಲಿ ಆಲ್-ಫಿಲಿಪಿನೋ ಕಪ್ ಗೆದ್ದಿತು. ಫೈನಲ್‌ನಲ್ಲಿ ಸೋತದ್ದು ಅಲಾಸ್ಕವೇ. ಕೊನೆಗೆ ಜಿನ್ ಕಂಪನಿಯ ಜಿನೆಬ್ರ ತಂಡದಲ್ಲಿ ಆಡಿ, ನಿವೃತ್ತಿಯಾದ ಮೇಲೆ ಸಹಾಯಕ ಕೋಚ್ ಆದರು. ಮೂವತ್ತೈದು ದಾಟಿದ ಮೇಲೂ ಅವರು ಆಡುತ್ತಲೇ ಇದ್ದರು. ಕಾಲಿನ ವೇಗ ಇಳಿದರೂ ಎದುರಿನವನ ಭುಜ ಓದೋದು ಮರೆಯೋದಿಲ್ಲವಲ್ಲ. ನನಗೂ ಈಗ ನಲವತ್ತು ಹತ್ತಿರ, ಇದು ದೊಡ್ಡ ಧೈರ್ಯ.

ಅವರ ಅಣ್ಣ-ತಮ್ಮಂದಿರ ಕಡೆಯ ಹುಡುಗ ಆರ್‌ಜೆ ಅಬಾರಿಯೆಂಟೋಸ್ ಕೂಡ ಎಫ್‌ಇಯುನಲ್ಲೇ ಆಡಿದವನು. ಕೊರಿಯಾ ಲೀಗಿನಲ್ಲಿ ವರ್ಷದ ಹೊಸ ಆಟಗಾರ ಪ್ರಶಸ್ತಿ ಗೆದ್ದು, 2024ರಲ್ಲಿ ಜಿನೆಬ್ರ ಸೇರಿದ. ಕೋಚ್ ಅದೇ ಟಿಮ್ ಕೋನ್. ಕುಯ ಜೊತೆ ಕುಬಾವ್‌ನ ಅರಾನೆಟಾ ಕೊಲಿಸಿಯಮ್‌ನಲ್ಲಿ ಅವನ ಆಟ ನೋಡಲು ಹೋಗಿದ್ದೆ. ಮೇಲಿನ ಸಾಲು, ಅಗ್ಗದ ಟಿಕೆಟ್. ಸುತ್ತ ಎಲ್ಲರೂ ಬಾಲ್ ಹೋದ ಕಡೆ ತಲೆ ತಿರುಗಿಸಿ ಕೂಗುತ್ತಿದ್ದರು. ಕುಯ ಮಾತ್ರ ಮುಂದಕ್ಕೆ ಬಾಗಿ, ಮೊಣಕಾಲ ಮೇಲೆ ಕೈಯಿಟ್ಟು, ಆ ಹುಡುಗನ ಕಾಲನ್ನೇ ನೋಡುತ್ತಾ ಕೂತಿದ್ದರು.