ಜಪಾನಿನ ಮೂಕಿ ಚಿತ್ರಕ್ಕೆ ಅರ್ಥ ಹೇಳಿದ್ದು

ಜಪಾನಿನ ನಿರ್ದೇಶಕ ಮಿಝೊಗುಚಿಯ 'ತಾಕಿ ನೋ ಶಿರಾಇತೊ' (1933) ಹಾಕ್ತೇನೆ, ಪಕ್ಕದಲ್ಲಿ ಕೂತು ಕನ್ನಡದಲ್ಲಿ ಅರ್ಥ ಹೇಳ್ತೇನೆ ಅಂದಾಗ ನಮ್ಮ ಚಿತ್ರ ಸಮಾಜದವರು ನಕ್ಕಿದ್ದರು. "ಮಾರಾಯ, ಮೂಕಿ, ಅದೂ ಜಪಾನಿನದು. ಯಾರು ಕೂರ್ತಾರೆ?" ಜಪಾನಿನಲ್ಲಿ ಪರದೆಯ ಪಕ್ಕ ಬೆನ್ಶಿ ಕೂತು ಎಲ್ಲ ಪಾತ್ರಗಳಿಗೂ ಮಾತು ಕೊಡುತ್ತಿದ್ದ. ಹದಿನೈದು ವರ್ಷ ತಾಳಮದ್ದಲೆಯಲ್ಲಿ ಅರ್ಥ ಹೇಳಿದವನಿಗೆ ಇದೇನು ಮಹಾ ಅನ್ನಿಸಿತ್ತು.

ಎಡವಿದ್ದೇ ಅಲ್ಲಿ. ಶಿರಾಇತೊ ನೀರಿನ ಚಮತ್ಕಾರ ತೋರಿಸಿ ಬದುಕುವವಳು. ಗಾಡಿ ಹೊಡೆಯುವ ಕಿನ್ಯಾನನ್ನು ಟೋಕಿಯೋಗೆ ಕಾನೂನು ಓದಲು ಕಳಿಸಿ, ಖರ್ಚಿಗೂ ತಾನೇ ದುಡ್ಡು ಕಳಿಸುತ್ತಾಳೆ. ಅವಳು ರಂಗದ ಮೇಲೆ ನೀರು ಚಿಮ್ಮಿಸುತ್ತಿದ್ದರೆ ನಾನು ಋಣ, ಹೆಣ್ಣುಜನ್ಮ ಅಂತ ಕೊರೆದೇ ಕೊರೆದೆ. ಹಿಂದಿನ ಸಾಲಿನಿಂದ ಒಬ್ಬರು ಅಜ್ಜಿ, "ತಮ್ಮಾ, ಅವಳ ಮುಖ ನೋಡ್ಲಿಕ್ಕೆ ಬಿಡು" ಅಂದರು. ಸಾಲದ್ದಕ್ಕೆ, ಶಿರಾಇತೊ ಅಂದರೆ ಬಿಳಿ ನೂಲು ಅಂತ ಅವಳನ್ನು 'ಶ್ವೇತಮ್ಮ' ಮಾಡಿದ್ದೆ. ಅವಳು ಬಡ್ಡಿ ಸಾಹುಕಾರನನ್ನು ಕೊಲ್ಲುವ ಹೊತ್ತಿಗೆ ಸಭೆ ಗೊಳ್ಳೆಂದಿತು. ಹಾಲ್, ಪ್ರೊಜೆಕ್ಟರ್ ಬಾಡಿಗೆ ಸೇರಿ 9,000ದ ಹತ್ತಿರ ಹೋಯಿತು, ಡಬ್ಬಿಗೆ ಬಿದ್ದದ್ದು 1,400ವೋ ಏನೋ.

ಎರಡನೇ ಸಲ ಮದ್ದಲೆ ಇಟ್ಟೆ, ನನ್ನ ಮಾತೇ ಮುಳುಗಿತು. 3,200 ಕೊಟ್ಟು ತಂದ ಮೈಕು ಬರೀ ಸಿಳ್ಳೆ ಹೊಡೆಯಿತು. ಇನ್ನೊಂದು ಹುಚ್ಚು: ನೀರಿನ ಸದ್ದಿಗೆ ತಾಮ್ರದ ಹಂಡೆಗೆ ನೀರು ಹೊಯ್ಯಿಸಿದೆ. ಯಾರೋ ಪಕ್ಕದಲ್ಲೇ ಸ್ನಾನಕ್ಕಿಳಿದ ಹಾಗಿತ್ತು.

ಮೂರನೆಯದಕ್ಕೆ ಶ್ರುತಿಪೆಟ್ಟಿಗೆಯೊಂದೇ. ನಲವತ್ತು ಪುಟ ಬರೆದುಕೊಂಡದ್ದು ಹನ್ನೊಂದಕ್ಕೆ ಇಳಿಯಿತು. ಟೈಟಲ್ ಕಾರ್ಡ್, ಅಂದರೆ ಪರದೆ ಮೇಲೆ ಬರಹ, ಇರುವಾಗ ಬಾಯಿ ಬಿಡಬಾರದು. ಕಾರ್ಡ್ ಹೋಗಿ ಮುಖ ಬಂದ ಮೇಲೆ ಮಾತು. ಕಥೆ ಜಪಾನಿನ ಮೇಜಿ ಚಕ್ರವರ್ತಿಯ ಕಾಲದ್ದು. ಊಳಿಗಮಾನ್ಯ ಪದ್ಧತಿ ಕಾಗದದಲ್ಲಿ ಹೋಗಿತ್ತು, ಬಡ್ಡಿ ಸಾಹುಕಾರ ಇವಾಬುಚಿಯ ಕೋಣೆಯಿಂದ ಹೋಗಿರಲಿಲ್ಲ. ಈ ಮಾತು ನಾಲಿಗೆ ತುದಿಗೇ ಬಂದಿತ್ತು, ನುಂಗಿಕೊಂಡೆ.

ಕೋರ್ಟಿನಲ್ಲಿ ಅವಳ ದುಡ್ಡಲ್ಲೇ ಓದಿದ ಕಿನ್ಯಾ ಅವಳನ್ನು ವಿಚಾರಿಸಲು ಬಂದಿರುತ್ತಾನೆ. ಅಲ್ಲಿ ಶ್ರುತಿಯನ್ನೂ ನಿಲ್ಲಿಸಿದೆ. ಶಿರಾಇತೊ ಆದ ನಟಿ ಇರಿಎ ತಕಾಕೊ ಮುಖವೊಂದೇ. ಸಭೆಯಲ್ಲಿ ಕೆಮ್ಮೂ ಇಲ್ಲ. ಮತ್ತೆ ಯಾವ ಮಾತಿನಿಂದ ದನಿ ಎತ್ತಿದೆ ಅನ್ನುವುದನ್ನು ಇಲ್ಲಿ ಬರೆಯುವುದಿಲ್ಲ, ಅದೇ ನನ್ನ ಬಂಡವಾಳ.

ಡಬ್ಬಿಯಲ್ಲಿ 6,000 ಚಿಲ್ಲರೆ. ಅಜ್ಜಿಯೂ ಬಂದಿದ್ದರು, ಈ ಸಲ ಏನೂ ಅನ್ನಲಿಲ್ಲ. ನಕ್ಕವರೇ ಈಗ ಮಿಝೊಗುಚಿಯದೇ 1935ರ 'ಓರಿಝುರು ಓಸೆನ್' ಯಾವಾಗ ಅಂತ ಕೇಳುತ್ತಿದ್ದಾರೆ. ಅದರಲ್ಲಿ ಬೆನ್ಶಿಯ ದನಿ ಮೊದಲೇ ಮುದ್ರಣವಾಗಿದೆ. ಅವನನ್ನು ಸುಮ್ಮನಾಗಿಸಿ ನಾನು ಮಾತಾಡಬೇಕು. ಅದಕ್ಕೂ ಮೊದಲು ಆ ಸಿಳ್ಳೆ ಮೈಕನ್ನು ಯಾರಿಗಾದರೂ ದಾಟಿಸಬೇಕು.