ಕೇಬಲ್ ತೆಗೆಸಿದ ಮೇಲೆ ನಮ್ಮನೆಯಲ್ಲಿ ಸ್ಟ್ಯಾನ್ಲಿ ಕಪ್

2024ರ ಮೇ 4, ಶನಿವಾರ ರಾತ್ರಿ. ಸ್ಟ್ಯಾನ್ಲಿ ಕಪ್ ಅಂದರೆ ಉತ್ತರ ಅಮೆರಿಕದ ಮಂಜುಗಡ್ಡೆಯ ಹಾಕಿ ಲೀಗ್ ಎನ್‌ಎಚ್‌ಎಲ್‌ನ ಕಪ್. ಅದಕ್ಕಾಗಿ ಟೊರೊಂಟೊ ಮೇಪಲ್ ಲೀಫ್ಸ್ ಮತ್ತು ಬಾಸ್ಟನ್ ಬ್ರೂಯಿನ್ಸ್ ತಂಡಗಳ ಮೊದಲ ಸುತ್ತಿನ ಏಳನೇ ಪಂದ್ಯ. ಗೆದ್ದವರು ಮುಂದಕ್ಕೆ, ಸೋತವರು ಮನೆಗೆ. ಮೂರು ಪಿರಿಯಡ್ ಮುಗಿದಾಗ 1-1. ಹತ್ತು ವರ್ಷದ ಮಗ ನೀಲಿ ಜೆರ್ಸಿ ಹಾಕಿಕೊಂಡು ಟಿವಿಯಿಂದ ಎರಡಡಿ ದೂರದಲ್ಲಿ ಮಂಡಿಯೂರಿ ಕೂತಿದ್ದ. ಓವರ್‌ಟೈಮ್ ಶುರುವಾಯಿತು, ಇನ್ನು ಮೊದಲು ಗೋಲು ಹೊಡೆದವರೇ ಗೆದ್ದಂತೆ. ಅಷ್ಟರಲ್ಲೇ ಚಿತ್ರ ನಿಂತಿತು. ಪರದೆಯ ನಡುವೆ ಒಂದು ಬಿಳಿ ವೃತ್ತ ತಿರುಗತೊಡಗಿತು. ಮೇಲಿನ ಮನೆಯಿಂದ ಯಾರೋ ನೋವಿನಲ್ಲಿ ಕೂಗಿದ್ದು ಕೇಳಿಸಿತು. ಚಿತ್ರ ಮರಳಿ ಬಂದಾಗ ಬಾಸ್ಟನ್ ಆಟಗಾರರು ಒಬ್ಬರ ಮೇಲೊಬ್ಬರು ಬಿದ್ದು ಕುಣಿಯುತ್ತಿದ್ದರು. ಓವರ್‌ಟೈಮಿನ 1 ನಿಮಿಷ 54ನೇ ಸೆಕೆಂಡಿಗೆ ಪಾಸ್ಟರ್ನಾಕ್ ಗೋಲು ಹೊಡೆದಾಗಿತ್ತು.

"ಮುಗೀತಾ ಅಮ್ಮ?" ಅಂತ ಮಗ ಕೇಳಿದ. ತಂಡ ಸೋತದ್ದಕ್ಕಿಂತ, ಸೋತದ್ದನ್ನೂ ಅವನಿಗೆ ನೋಡಲು ಸಿಗಲಿಲ್ಲವಲ್ಲ ಅನ್ನುವುದೇ ನನಗೆ ಹೆಚ್ಚು ಸಂಕಟವಾಯಿತು.

ನಾವಿರುವುದು ಕೆನಡಾದ ಟೊರೊಂಟೊ ಪಕ್ಕದ ಮಿಸ್ಸಿಸಾಗದಲ್ಲಿ, ಒಂದು ಅಪಾರ್ಟ್‌ಮೆಂಟಿನ ಹದಿನಾಲ್ಕನೇ ಮಹಡಿಯಲ್ಲಿ. ನಾನು ವಿರಾಜಪೇಟೆ ಕಡೆಯವಳು. ನನಗೆ ಹಾಕಿ ಅಂದರೆ ಏಪ್ರಿಲ್-ಮೇ ಬಿಸಿಲು, ಮೈದಾನದ ಸುತ್ತ ನೆರೆದ ಜನ, ಕೊಡವ ಕುಟುಂಬಗಳ ಹಾಕಿ ಹಬ್ಬ. 1997ರಲ್ಲಿ ಕರಡದಲ್ಲಿ ಅದು ಶುರುವಾದಾಗಿನಿಂದ ನಮ್ಮ ಕಡೆ ಆ ಎರಡು ತಿಂಗಳು ಬೇರೆ ಮಾತೇ ಇರುವುದಿಲ್ಲ. ಇಲ್ಲಿಗೆ ಬಂದ ಮೇಲೆ ಅದೇ ಏಪ್ರಿಲ್-ಮೇ ತಿಂಗಳಲ್ಲಿ ಮಂಜುಗಡ್ಡೆಯ ಹಾಕಿಯ ಪ್ಲೇಆಫ್. ಹದಿನಾರು ತಂಡ, ನಾಲ್ಕು ಸುತ್ತು, ಪ್ರತಿ ಸುತ್ತಿನಲ್ಲೂ ಏಳರಲ್ಲಿ ನಾಲ್ಕು ಗೆದ್ದವರಿಗೆ ಜಯ. ಜೂನ್‌ವರೆಗೆ ನಡೆಯುತ್ತದೆ. ಮಗನ ಶಾಲೆಯಲ್ಲಿ ಬೆಳಗ್ಗೆ ಮೊದಲ ಮಾತೇ ಹಿಂದಿನ ರಾತ್ರಿಯ ಆಟ. ಹಾಗಾಗಿ ಇದು ನಮ್ಮನೆಯಲ್ಲಿ ಹೇಗಾದರೂ ಬರಲೇಬೇಕು.

ಆ ವರ್ಷ ಮಾರ್ಚ್‌ನಲ್ಲಿ ಕೇಬಲ್ ತೆಗೆಸಿದ್ದೆವು. ನಾವು ನೋಡುತ್ತಿದ್ದದ್ದು ಹಾಕಿ ಮಾತ್ರ, ದುಡ್ಡು ಕೊಡುತ್ತಿದ್ದದ್ದು ಇನ್ನೂರು ಚಾನೆಲ್‌ಗೆ. ಇಲ್ಲೊಂದು ಮಾತು ಹೇಳಿಬಿಡುತ್ತೇನೆ: ಕೇಬಲ್ ಮತ್ತು ಇಂಟರ್‌ನೆಟ್ ಒಂದೇ ಕಟ್ಟಿನಲ್ಲಿ ಇದ್ದರೆ, ಕೇಬಲ್ ಬಿಟ್ಟ ಕೂಡಲೇ ಇಂಟರ್‌ನೆಟ್‌ನ ರಿಯಾಯಿತಿಯೂ ಹೋಗಬಹುದು. ನಮಗೆ ಹಾಗೇ ಆಯಿತು, ಮುಂದಿನ ಬಿಲ್ ನೋಡಿದ ಮೇಲೆ ಗೊತ್ತಾಯಿತು. ಬಿಡುವ ಮೊದಲೇ ಇಂಟರ್‌ನೆಟ್ ಒಂದಕ್ಕೇ ಎಷ್ಟು ಅಂತ ಕೇಳಿ, ಬರಹದಲ್ಲಿ ತರಿಸಿಕೊಳ್ಳಿ.

ಆಮೇಲೆ ಪರಿಚಯದವರೊಬ್ಬರು ಇಂಟರ್‌ನೆಟ್ ಮೂಲಕ ಟಿವಿಯಲ್ಲಿ ಚಾನೆಲ್ ತೋರಿಸುವ ಒಂದು ಪೆಟ್ಟಿಗೆ ಕೊಟ್ಟರು. ಎಲ್ಲಾ ದೇಶದ ಎಲ್ಲಾ ಚಾನೆಲ್, ವರ್ಷಕ್ಕೆ ಇಷ್ಟು ಅಂತ ಯಾರಿಗೋ ಕೊಟ್ಟರೆ ಆಯಿತು. ನಮ್ಮವರ ಎಷ್ಟೋ ಮನೆಗಳಲ್ಲಿ ಇದು ಇದೆ. ಅದು ಕದ್ದ ಪ್ರಸಾರ ಅನ್ನುವುದು ಗೊತ್ತಿದ್ದೂ ನಾನು ತಂದು ಹಚ್ಚಿದೆ, ಅದು ತಪ್ಪು. ಅದು ಸರಿಯಾಗಿ ಬೇಕಾದ ಹೊತ್ತಿಗೇ ಕೈಕೊಡುವುದಕ್ಕೂ ಕಾರಣವಿದೆ. 2022ರ ಮೇ ತಿಂಗಳಲ್ಲಿ ಕೆನಡಾದ ಫೆಡರಲ್ ಕೋರ್ಟ್ ಒಂದು ಆದೇಶ ಕೊಟ್ಟಿತು: ಎನ್‌ಎಚ್‌ಎಲ್ ಆಟ ನಡೆಯುತ್ತಿರುವಾಗಲೇ ಕಳ್ಳ ಪ್ರಸಾರದ ಸರ್ವರ್‌ಗಳನ್ನು ಇಂಟರ್‌ನೆಟ್ ಕಂಪನಿಗಳು ತಡೆಯಬೇಕು. ಅಂದರೆ ಮಧ್ಯಾಹ್ನ ಧಾರಾವಾಹಿ ಚೆನ್ನಾಗಿ ಓಡಿದ ಪೆಟ್ಟಿಗೆ ರಾತ್ರಿ ಆಟದ ಮಧ್ಯೆ ನಿಂತರೆ ಆಶ್ಚರ್ಯವೇನಿಲ್ಲ. ಮರುದಿನವೇ ಅದನ್ನು ವಾಪಸ್ ಕೊಟ್ಟೆವು.

ಪೆಟ್ಟಿಗೆ ಕೊಡಲು ಹೋದ ಮನೆಯಲ್ಲೇ ಇನ್ನೊಂದು ವಿಷಯ ತಿಳಿಯಿತು. ಹಿಂದಿನ ರಾತ್ರಿಯ ಆಟ ಸಿಬಿಸಿಯಲ್ಲಿ ಬಂದಿತ್ತು. ಸಿಬಿಸಿ ಇಲ್ಲಿನ ದೂರದರ್ಶನ ಇದ್ದ ಹಾಗೆ, ಸಾರ್ವಜನಿಕ ಪ್ರಸಾರ. ಅದರ ಸಿಗ್ನಲ್ ಟೊರೊಂಟೊದ ಸಿಎನ್ ಟವರ್ ಮೇಲಿಂದ ಈಗಲೂ ಬರುತ್ತದೆ, ಪುಕ್ಕಟೆಯಾಗಿ. ನಾವು ಬಿಳಿ ವೃತ್ತ ನೋಡುತ್ತಾ ಕೂತಿದ್ದಾಗ ಅದೇ ಆಟ ನಮ್ಮನೆಯ ಗಾಳಿಯಲ್ಲೇ ಇತ್ತು, ಹಿಡಿಯಲು ನಮ್ಮಲ್ಲಿ ಏನೂ ಇರಲಿಲ್ಲ.

ಭಾನುವಾರವೇ ಆಂಟೆನಾ ತಂದೆವು. ಊಟದ ಟೇಬಲ್ ಮೇಲೆ ತಟ್ಟೆಯಡಿ ಹಾಸುವ ಚಾಪೆಯಷ್ಟು ಅಗಲದ, ತೆಳ್ಳಗಿನ ಒಂದು ಹಾಳೆ. ಅದರ ವಯರನ್ನು ಟಿವಿಯ ಹಿಂದೆ ತಿರುಗಿಸಿ ಬಿಗಿಯುವ ಜಾಗಕ್ಕೆ ಹಾಕಿದೆ, ಮೆನುವಿಗೆ ಹೋಗಿ ಚಾನೆಲ್ ಸ್ಕ್ಯಾನ್ ಕೊಟ್ಟೆ. ಸೊನ್ನೆ. ಮತ್ತೆ ಕೊಟ್ಟೆ, ಮತ್ತೆ ಸೊನ್ನೆ. ಅರ್ಧ ಗಂಟೆಯ ಮೇಲೆ ಮಗನೇ ಕಂಡುಹಿಡಿದ: ಮೆನುವಿನಲ್ಲಿ ಇನ್ನೂ 'ಕೇಬಲ್' ಅಂತಲೇ ಇತ್ತು. ಅದನ್ನು 'ಏರ್' ಅಂತ ಬದಲಿಸಬೇಕು. ಬದಲಿಸಿದ ಮೇಲೆ ನಾಲ್ಕು ಚಾನೆಲ್ ಬಂದವು, ಅವುಗಳಲ್ಲಿ ಸಿಬಿಸಿ ಇಲ್ಲ.

ಸಿಎನ್ ಟವರ್ ನಮ್ಮಿಂದ ಪೂರ್ವಕ್ಕೆ ಇಪ್ಪತ್ತು ಚಿಲ್ಲರೆ ಕಿಲೋಮೀಟರ್ ಅಷ್ಟೇ. 553 ಮೀಟರ್ ಎತ್ತರದ ಗೋಪುರ, ಬಾಲ್ಕನಿಗೆ ಬಂದರೆ ಕಣ್ಣಿಗೇ ಕಾಣುತ್ತದೆ. ಆದರೂ ಬರುತ್ತಿಲ್ಲ ಅಂದರೆ ಏನೋ ಅಡ್ಡ ಇದೆ. ಅಡ್ಡ ಇದ್ದದ್ದು ಕಿಟಕಿಯ ಗಾಜು. ಚಳಿ ತಡೆಯಲು ಇಲ್ಲಿನ ಹೊಸ ಕಟ್ಟಡಗಳ ಗಾಜಿಗೆ ಕಣ್ಣಿಗೆ ಕಾಣದಷ್ಟು ತೆಳುವಾದ ಲೋಹದ ಲೇಪ ಇರುತ್ತದೆ. ಬಿಸಿಯನ್ನು ಒಳಗೇ ಹಿಡಿದಿಡುವ ಅದೇ ಲೇಪ ಸಿಗ್ನಲನ್ನು ಹೊರಗೇ ನಿಲ್ಲಿಸುತ್ತದೆ. ಆಂಟೆನಾವನ್ನು ಗಾಜಿನ ಆಚೆ ಒಯ್ಯದೆ ಬೇರೆ ದಾರಿಯಿರಲಿಲ್ಲ. ಬಾಲ್ಕನಿ ಬಾಗಿಲ ಸಂದಿಯಲ್ಲಿ ಹಾದುಹೋಗುವ ಚಪ್ಪಟೆ ವಯರಿನ ತುಂಡು ಸಿಗುತ್ತದೆ, ಅದನ್ನು ತಂದೆ. ಬಾಲ್ಕನಿಯ ಕಬ್ಬಿಣದ ಕಂಬಿಗೆ ಕಟ್ಟಿದರೆ ಸಿಗ್ನಲ್ ಕುಗ್ಗುತ್ತದೆ ಅಂತ ಒಂದು ಮರದ ಸ್ಟೂಲಿನ ಕಾಲಿಗೆ ಕಟ್ಟಿ ಕಂಬಿಗಿಂತ ಮೇಲೆ ನಿಲ್ಲಿಸಿದೆ.

ಒಳಗೆ ನಮ್ಮನೆಯವರು ಟಿವಿಯಲ್ಲಿ ಸಿಗ್ನಲ್ ಮೀಟರ್ ತೆರೆದು ನಿಂತಿದ್ದರು. ಹೊರಗೆ ನಾನು ಒಂದೊಂದು ಅಂಗುಲ ತಿರುಗಿಸುವುದು, "ಬಂತಾ?" ಅಂತ ಕೂಗುವುದು. "ಇಲ್ಲ, ಹೋಯ್ತು. ಹಾಂ, ಹಾಗೇ ಇರಲಿ!" ನಾನು ಚಿಕ್ಕವಳಿದ್ದಾಗ ಮಳೆಗಾಲದಲ್ಲಿ ಅಪ್ಪ ಹೆಂಚಿನ ಮೇಲೆ ಹತ್ತಿ ಹೀಗೇ ಕೂಗುತ್ತಿದ್ದರು, ಒಳಗಿನಿಂದ ಉತ್ತರ ಹೇಳುವ ಕೆಲಸ ನನ್ನದಾಗಿತ್ತು. ಆ ಸಂಜೆ ಸ್ಕ್ಯಾನ್ ಮಾಡಿದಾಗ ಇಪ್ಪತ್ತಾರು ಚಾನೆಲ್. ಸಿಬಿಸಿ 5.1ರಲ್ಲಿ, ಕೇಬಲ್‌ನಲ್ಲಿ ಬರುತ್ತಿದ್ದದ್ದಕ್ಕಿಂತ ಸ್ವಚ್ಛವಾಗಿ. ಅಂಗಡಿಯವರು ಆಂಪ್ಲಿಫಯರ್ ಕೂಡ ಕೊಟ್ಟಿದ್ದರು. ಅದನ್ನು ಹಾಕಿದರೆ ಎರಡು ಚಾನೆಲ್ ಮಾಯವಾದವು. ಟವರ್ ಇಷ್ಟು ಹತ್ತಿರ ಇದ್ದರೆ ಸಿಗ್ನಲ್ ಆಗಲೇ ಜೋರಾಗಿರುತ್ತದೆ, ಇನ್ನೂ ಹಿಗ್ಗಿಸಿದರೆ ಟ್ಯೂನರ್ ತಾಳುವುದಿಲ್ಲ. ಬಿಚ್ಚಿಟ್ಟೆ.

ಜೂನ್‌ನ ಫೈನಲ್ ಪೂರ್ತಿ ಆ ಸ್ಟೂಲಿನ ದಯೆಯಿಂದ ನೋಡಿದೆವು. ಎಡ್ಮಂಟನ್ ಆಯಿಲರ್ಸ್ ಮೊದಲ ಮೂರೂ ಸೋತು, ನಾಲ್ಕನೆಯದನ್ನು 8-1ರಿಂದ ಗೆದ್ದು, ಏಳನೇ ಪಂದ್ಯದವರೆಗೆ ಎಳೆದುಕೊಂಡು ಹೋಗಿ, ಕೊನೆಗೆ ಫ್ಲಾರಿಡಾ ಪ್ಯಾಂಥರ್ಸ್‌ಗೆ 2-1ರಲ್ಲಿ ಸೋತ ಸರಣಿ ಅದು. ಆಂಟೆನಾದ ದುಡ್ಡು ಬಿಟ್ಟರೆ ಒಂದು ಡಾಲರೂ ಖರ್ಚಾಗಲಿಲ್ಲ.

ಆದರೆ ಆಂಟೆನಾ ಒಂದರಿಂದಲೇ ಎಲ್ಲ ಆಗುವುದಿಲ್ಲ. ಕೆನಡಾದಲ್ಲಿ ಎನ್‌ಎಚ್‌ಎಲ್ ಪ್ರಸಾರದ ಹಕ್ಕು ರೋಜರ್ಸ್ ಕಂಪನಿಯದು. 2014ರಿಂದ 12 ವರ್ಷಕ್ಕೆ 520 ಕೋಟಿ ಕೆನಡಾ ಡಾಲರ್ ಕೊಟ್ಟಿತ್ತು. 2026-27ರಿಂದ ಮುಂದಿನ 12 ವರ್ಷಕ್ಕೆ 1,100 ಕೋಟಿ ಕೊಡಲು 2025ರ ಏಪ್ರಿಲ್‌ನಲ್ಲಿ ಒಪ್ಪಿಕೊಂಡಿದೆ. ಅಷ್ಟು ದುಡ್ಡು ಕೊಟ್ಟವರು ಎಲ್ಲವನ್ನೂ ಪುಕ್ಕಟೆ ತೋರಿಸುವುದಿಲ್ಲ. ಕೆನಡಾ ತಂಡಗಳ ಪ್ಲೇಆಫ್ ಆಟಗಳು ಸಾಮಾನ್ಯವಾಗಿ ಸಿಬಿಸಿಯಲ್ಲೂ ಬರುತ್ತವೆ, ಫೈನಲ್ ಬರುತ್ತದೆ. ಮೊದಲ ಸುತ್ತಿನಲ್ಲಿ ಒಂದೇ ರಾತ್ರಿ ಮೂರು ನಾಲ್ಕು ಆಟ ಇರುವಾಗ ಉಳಿದವು ಅವರ ಸ್ಪೋರ್ಟ್ಸ್‌ನೆಟ್ ಚಾನೆಲ್‌ಗಳಿಗೆ ಹೋಗುತ್ತವೆ. ಅವನ್ನು ಕೇಬಲ್ ಇಲ್ಲದೆ ನೋಡಲು ಸ್ಪೋರ್ಟ್ಸ್‌ನೆಟ್ ಪ್ಲಸ್ ಆ್ಯಪ್ ಇದೆ. ಆಂಟೆನಾ ಕಟ್ಟಲು ಜಾಗವೇ ಇಲ್ಲದವರಿಗೆ ಸಿಬಿಸಿ ಜೆಮ್ ಆ್ಯಪ್‌ನಲ್ಲಿ ಸಿಬಿಸಿಯ ಆಟಗಳು ಉಚಿತವಾಗಿ ಸಿಗುತ್ತವೆ, ಕೆನಡಾದ ಒಳಗೆ ಮಾತ್ರ.

2025ರಲ್ಲಿ ನಾನು ಮಾಡಿದ್ದು ಇಷ್ಟು. ವರ್ಷದ ಚಂದಾ ಬೇಡ ಅಂತ ತೀರ್ಮಾನಿಸಿದೆ. ಮೊದಲ ಸುತ್ತಿನ ಮೊದಲ ಆಟದ ದಿನ ಸಂಜೆ ಸ್ಪೋರ್ಟ್ಸ್‌ನೆಟ್ ಪ್ಲಸ್‌ಗೆ ಒಂದೇ ತಿಂಗಳ ದುಡ್ಡು ಕಟ್ಟಿದೆ, ಕಟ್ಟಿದ ಕೂಡಲೇ 'ಮುಂದುವರಿಸಬೇಡ' ಅಂತ ಒತ್ತಿದೆ. ಒತ್ತಿದರೂ ತಿಂಗಳು ತುಂಬುವವರೆಗೆ ನಡೆಯುತ್ತದೆ, ಮರೆತು ಎರಡನೇ ತಿಂಗಳ ದುಡ್ಡು ಹೋಗುವುದಿಲ್ಲ. ಮೊದಲ ಎರಡು ಸುತ್ತಿನಲ್ಲೇ ಆಟಗಳ ಸಂತೆ, ಆ ಸಂತೆಗೆ ಒಂದು ತಿಂಗಳು ಹೆಚ್ಚುಕಡಿಮೆ ಸಾಕು. ಮುಂದಕ್ಕೆ ಎರಡು ಸರಣಿ, ಆಮೇಲೆ ಒಂದು, ಅಲ್ಲಿಗೆ ಸ್ಟೂಲು ಸಾಕು.

ಆ್ಯಪ್‌ನ ದೊಡ್ಡ ಕಷ್ಟ ತಡ. ಒಂದು ರಾತ್ರಿ ಟಿವಿಯಲ್ಲಿ ಆಂಟೆನಾ, ಲ್ಯಾಪ್‌ಟಾಪ್‌ನಲ್ಲಿ ಅದೇ ಆಟ ಎರಡನ್ನೂ ಹಾಕಿ ಗಡಿಯಾರ ಹಿಡಿದು ನೋಡಿದೆ. ಟಿವಿಯಲ್ಲಿ ರೆಫರಿ ಪಕ್ ಅನ್ನುವ ಬಿಲ್ಲೆಯನ್ನು ಕೆಳಗೆ ಬಿಟ್ಟು ಆಟ ಶುರುವಾಗಿ 41 ಸೆಕೆಂಡ್ ಆದ ಮೇಲೆ ಲ್ಯಾಪ್‌ಟಾಪ್‌ನಲ್ಲಿ ಬಿಟ್ಟರು. ಹಾಕಿಯಲ್ಲಿ ಅಷ್ಟು ಹೊತ್ತಿನಲ್ಲಿ ಎರಡು ಗೋಲಾಗಬಹುದು. ಅದಕ್ಕೇ ಒಂದೇ ಆಟ ಎರಡೂ ಕಡೆ ಇದ್ದರೆ ನಾನು ಯಾವತ್ತೂ ಆಂಟೆನಾ ಹಾಕುತ್ತೇನೆ. ಆ್ಯಪ್‌ನಲ್ಲೇ ನೋಡಬೇಕಾದ ರಾತ್ರಿ ಎಲ್ಲರ ಫೋನೂ ಅಡುಗೆಮನೆಯ ಡ್ರಾಯರಿನಲ್ಲಿ, ಇಲ್ಲದಿದ್ದರೆ ಗೋಲಿನ ಸುದ್ದಿ ಗೋಲಿಗಿಂತ ಮೊದಲೇ ಬರುತ್ತದೆ. ವೈಫೈ ಬಿಟ್ಟು ರೌಟರ್‌ನಿಂದ ಟಿವಿಗೆ ನೇರ ವಯರ್ ಎಳೆದ ಮೇಲೆ ಚಿತ್ರ ನಿಂತದ್ದು ಒಮ್ಮೆಯೂ ಇಲ್ಲ.

ರೆಕಾರ್ಡ್ ಮಾಡುವವರು ಒಂದು ಗಮನಿಸಬೇಕು. ಪ್ಲೇಆಫ್‌ನಲ್ಲಿ ಶೂಟೌಟ್ ಇಲ್ಲ. ಸಮ ಆದರೆ 20 ನಿಮಿಷದ ಪೂರ್ತಿ ಪಿರಿಯಡ್, ಗೋಲಾಗುವವರೆಗೆ ಮತ್ತೊಂದು, ಮಗದೊಂದು. 2023ರಲ್ಲಿ ಫ್ಲಾರಿಡಾ-ಕ್ಯಾರೊಲಿನಾ ಆಟ ನಾಲ್ಕನೇ ಓವರ್‌ಟೈಮಿನಲ್ಲಿ ಮುಗಿದಾಗ ನಡುರಾತ್ರಿ ಕಳೆದು ಎಷ್ಟೋ ಹೊತ್ತಾಗಿತ್ತು. 2025ರ ಮೇ 4ರಂದು ವಿನ್ನಿಪೆಗ್-ಸೇಂಟ್ ಲೂಯಿಸ್ ಏಳನೇ ಪಂದ್ಯ. ಮನೆಗೆ ನೆಂಟರು ಬಂದಿದ್ದರು, ಆಂಟೆನಾಕ್ಕೆ ಜೋಡಿಸಿದ ರೆಕಾರ್ಡರಿಗೆ ಮೂರು ಗಂಟೆ ಕೊಟ್ಟು ಸುಮ್ಮನಾದೆ. ರಾತ್ರಿ ಕೂತು ನೋಡಿದರೆ, ಎರಡು ಸೆಕೆಂಡೂ ಉಳಿದಿಲ್ಲದಾಗ ಪರ್ಫೆಟ್ಟಿ ಗೋಲು ಹೊಡೆದು 3-3 ಮಾಡುತ್ತಾನೆ, ನಾವೆಲ್ಲ ಎದ್ದು ನಿಲ್ಲುತ್ತೇವೆ, ಓವರ್‌ಟೈಮ್ ಶುರುವಾಗುತ್ತದೆ, ರೆಕಾರ್ಡಿಂಗ್ ಮುಗಿಯುತ್ತದೆ. ಎರಡನೇ ಓವರ್‌ಟೈಮಿನಲ್ಲಿ ಲೌರಿ ಹೊಡೆದ ಗೆಲುವಿನ ಗೋಲನ್ನು ಬೇರೆಡೆ ಹುಡುಕಿ ನೋಡಬೇಕಾಯಿತು. ಈಗ ನಾನು ಪ್ರತಿ ಆಟಕ್ಕೂ ಆರು ಗಂಟೆ ಕೊಡುತ್ತೇನೆ.

ಅಮೆರಿಕದಲ್ಲಿರುವವರ ಲೆಕ್ಕ ಬೇರೆ. ನನ್ನ ನಾದಿನಿ ನ್ಯೂಜೆರ್ಸಿಯಲ್ಲಿದ್ದಾಳೆ. ಅಲ್ಲಿ 2021-22ರಿಂದ ಏಳು ವರ್ಷಕ್ಕೆ ಹಕ್ಕು ಎರಡು ಪಾಲಾಗಿದೆ: ಇಎಸ್‌ಪಿಎನ್ ಮತ್ತು ಎಬಿಸಿ ಒಂದು ಕಡೆ, ಟಿಎನ್‌ಟಿ ಬಳಗ ಇನ್ನೊಂದು ಕಡೆ. ಫೈನಲ್ ಸರದಿಯ ಮೇಲೆ: ಸಮ ಸಂಖ್ಯೆಯ ವರ್ಷ ಎಬಿಸಿ, ಬೆಸ ವರ್ಷ ಟಿಎನ್‌ಟಿ. ಎಬಿಸಿ ಆಂಟೆನಾಕ್ಕೆ ಸಿಗುತ್ತದೆ, ಟಿಎನ್‌ಟಿ ಸಿಗುವುದಿಲ್ಲ. ಟಿಎನ್‌ಟಿ ಪಾಲಿನ ಆಟಗಳಿಗೆ ಎಚ್‌ಬಿಒ ಮ್ಯಾಕ್ಸ್ ಇದೆ, ಇಎಸ್‌ಪಿಎನ್ 2025ರ ಆಗಸ್ಟ್‌ನಿಂದ ಕೇಬಲ್ ಇಲ್ಲದವರಿಗೂ ತನ್ನ ಚಾನೆಲ್‌ಗಳನ್ನು ನೇರ ಮಾರುತ್ತಿದೆ. ಎರಡೂ ಒಂದೇ ಕಡೆ ಬೇಕೆಂದರೆ ಯೂಟ್ಯೂಬ್ ಟಿವಿ, ಸ್ಲಿಂಗ್ ಥರದವು. ನಾದಿನಿ ಮೊದಲ ವರ್ಷ ಲೀಗ್ ಹಂತದಲ್ಲಿ ಬೇರೆ ಊರಿನ ಆಟ ತೋರಿಸುವ ಒಂದು ಪ್ಯಾಕೇಜಿಗೆ ವರ್ಷದ ದುಡ್ಡು ಕಟ್ಟಿ, ಪ್ಲೇಆಫ್ ಬಂದಾಗ ಹೆಚ್ಚಿನವು ಅದರಲ್ಲಿ ಇಲ್ಲ ಅಂತ ಕಂಡು ಬೇಜಾರಾದಳು. ಕಟ್ಟುವ ಮೊದಲು 'ಪ್ಲೇಆಫ್ ಇದೆಯಾ' ಅಂತ ಅದೇ ಪದ ಹುಡುಕಿ ನೋಡಿ.

ಸರೋವರದಾಚೆ 100 ಕಿಲೋಮೀಟರಿಗೂ ದೂರದ ಬಫಲೋ ಕಡೆಯ ಎಬಿಸಿ ಕೂಡ ನಮ್ಮ ಬಾಲ್ಕನಿಗೆ ಕೆಲವು ರಾತ್ರಿ ಬರುತ್ತದೆ. ಅದನ್ನು ನಂಬಿ ಕೂರುವ ಹಾಗಿಲ್ಲ, ಚೌಕ ಚೌಕವಾಗಿ ಒಡೆಯುತ್ತದೆ. ಆಂಟೆನಾದಿಂದ ನನಗೆ ನಿಜವಾಗಿ ಸಿಕ್ಕ ಬಳುವಳಿ ಓಮ್ನಿ, ಬೇರೆ ಬೇರೆ ಭಾಷೆಗಳ ಚಾನೆಲ್. 2008ರಲ್ಲಿ ಶುರುವಾದ ಪಂಜಾಬಿ ಹಾಕಿ ಕಾಮೆಂಟರಿ ಈಗ ಅದರಲ್ಲಿ ಬರುತ್ತದೆ. ನನಗೆ ಪಂಜಾಬಿ ಅಷ್ಟಾಗಿ ತಿಳಿಯುವುದಿಲ್ಲ. ಆದರೂ ಗೋಲಿನ ಹೊತ್ತಿಗೆ ಅವರ ದನಿ ಏರುವ ರೀತಿಯಲ್ಲಿ ನಮ್ಮೂರ ಮೈದಾನದ ಮೈಕು ಕೇಳಿಸುತ್ತದೆ. ಕನ್ನಡದಲ್ಲೂ, ಕೊಡವ ತಕ್ಕಿನಲ್ಲೂ ಒಂದು ಆಟಕ್ಕಾದರೂ ಇಂಥದ್ದು ಆಗಲಿ ಅಂತ ನನಗೆ ಬಹಳ ಆಸೆ.

2025ರ ಜೂನ್ 17, ಫೈನಲ್‌ನ ಆರನೇ ಪಂದ್ಯ. ಮತ್ತೆ ಎಡ್ಮಂಟನ್, ಮತ್ತೆ ಫ್ಲಾರಿಡಾ. ಇಲ್ಲಿ ರಾತ್ರಿ ಎಂಟು, ಊರಲ್ಲಿ ಬೆಳಗಿನ ಜಾವ ಐದೂವರೆ. ಅಪ್ಪ ಎದ್ದು ಕಾಫಿ ಕುಡಿಯುತ್ತಾ ವೀಡಿಯೊ ಕಾಲ್‌ನಲ್ಲಿದ್ದರು. ಮಗ ಫೋನನ್ನು ಟಿವಿ ಕಡೆ ತಿರುಗಿಸಿದ. ಅಪ್ಪ ಸ್ವಲ್ಪ ಹೊತ್ತು ಸುಮ್ಮನೆ ನೋಡಿದರು.

"ಚೆಂಡು ಎಲ್ಲಿ ಮಗಾ?"

"ಚೆಂಡಲ್ಲ ಅಜ್ಜ, ಪಕ್. ಕಪ್ಪಗೆ, ಚಿಕ್ಕದು. ಅದೋ!"

"ಹ್ಞಾಂ, ಕಂಡಿತು. ಇದು ಕೇಬಲ್ಲಾ?"

"ಅಲ್ಲ ಅಪ್ಪ, ಆಂಟೆನಾ," ಅಂದೆ.

"ಆಂಟೆನಾದಲ್ಲಿ ಇಷ್ಟು ಚೆನ್ನಾಗಿ ಬರ್ತದಾ? ಎಲ್ಲಿ ಕಟ್ಟಿದ್ದೀರಿ, ತೋರಿಸು."

ಮಗ ಆಟ ಬಿಟ್ಟು ಎದ್ದ, ಫೋನ್ ಹಿಡಿದು ಬಾಲ್ಕನಿ ಬಾಗಿಲು ಸರಿಸಿದ. ಹೊರಗೆ ಇನ್ನೂ ಬೆಳಕಿತ್ತು. ಸ್ಟೂಲಿನ ಕಾಲಿಗೆ ಕಟ್ಟಿದ ಗಂಟು, ಹಾಳೆ, ವಯರು, ದೂರದ ಗೋಪುರ, ಎಲ್ಲವನ್ನೂ ಒಂದೊಂದಾಗಿ ಅಜ್ಜನಿಗೆ ತೋರಿಸತೊಡಗಿದ.