ಹರಿವನ್ನು ಕಿಲೋ ಲೆಕ್ಕಕ್ಕೆ ತರುವುದು ಹೇಗೆ?

ಪೈಪಿನಿಂದ ಸೆಕೆಂಡಿಗೆ ಎಷ್ಟು ಕಿಲೋ ದ್ರವ ಹೋಗುತ್ತಿದೆ? ಸೂತ್ರ ಕೇಳಿದರೆ ಎಲ್ಲರೂ ಥಟ್ಟನೆ ಹೇಳುತ್ತಾರೆ: ಸಾಂದ್ರತೆಯನ್ನು ಗಾತ್ರದಿಂದ ಗುಣಿಸಿ, ಸಮಯದಿಂದ ಭಾಗಿಸಿ. ಅಷ್ಟೇ. ಆದರೂ ಉತ್ತರ ಸಾವಿರ ಪಟ್ಟು ಆಚೀಚೆ ಬರುವುದನ್ನು ನೋಡಿ ನೋಡಿ ಸಾಕಾಗಿದೆ. ಜನ ಎಡವುವುದು ಸೂತ್ರದಲ್ಲಲ್ಲ, ಲೀಟರ್, ಘನ ಮೀಟರ್, ನಿಮಿಷ, ಸೆಕೆಂಡುಗಳ ನಡುವೆ.

ಮೊದಲು ಅಳತೆ. ಪಾತ್ರೆ ಹಿಡಿಯಿರಿ, ಸ್ಟಾಪ್‌ವಾಚ್ ಒತ್ತಿ, ಗುರುತಿನ ತನಕ ತುಂಬಿದಾಗ ನಿಲ್ಲಿಸಿ. ಪಾತ್ರೆ ಮಾತ್ರ ದೊಡ್ಡದೇ ಇರಲಿ. ಬಟನ್ ಒತ್ತುವಾಗ ಅರ್ಧ ಸೆಕೆಂಡ್ ಹೆಚ್ಚುಕಮ್ಮಿ ಆಗುವುದು ಸಹಜ. 5 ಸೆಕೆಂಡಿಗೇ ತುಂಬುವ ಪಾತ್ರೆಯಲ್ಲಿ ಅದು ನೂರಕ್ಕೆ 10ರಷ್ಟು ತಪ್ಪು. 50 ಸೆಕೆಂಡ್ ಹಿಡಿಯುವ ಪಾತ್ರೆಯಲ್ಲಿ ಬರೀ 1. ಬಕೆಟ್ ಮೇಲೆ ಅಚ್ಚು ಹಾಕಿದ ಲೀಟರ್ ಲೆಕ್ಕವನ್ನು ನಾನಂತೂ ನಂಬುವುದಿಲ್ಲ. ಅದು ಅಂಚಿನ ತನಕವೋ, ನಾಲ್ಕು ಬೆರಳು ಕೆಳಗೋ ಯಾರಿಗೆ ಗೊತ್ತು? 20 ಕಿಲೋ ತಣ್ಣೀರು ತೂಗಿ ಸುರಿದು, ನೀರು ನಿಂತಲ್ಲಿ ಗೀಟು ಹಾಕಿಕೊಳ್ಳಿ. ಅದೇ ನಿಮ್ಮ 20 ಲೀಟರ್.

ಆಮೇಲೆ ಸಾಂದ್ರತೆ. ನೀರಿನದು 4 ಡಿಗ್ರಿ ಸೆಲ್ಸಿಯಸ್‌ನಲ್ಲಿ ಘನ ಮೀಟರಿಗೆ 1000 ಕಿಲೋ, 20 ಡಿಗ್ರಿಯಲ್ಲಿ 998, 80 ಡಿಗ್ರಿಯಲ್ಲಿ 972. ತಣ್ಣೀರಿಗೆ ಸುಮ್ನೆ 1000 ಅಂತ ಹಿಡಿಯಿರಿ, ಬಿಸಿನೀರಿಗೆ ಬೇಡ.

ಈಗ ಅಸಲಿ ಜಾಗ. ಒಂದು ಯಂತ್ರದ ಎಣ್ಣೆ, ಸಾಂದ್ರತೆ ಘನ ಮೀಟರಿಗೆ 850 ಕಿಲೋ. 20 ಲೀಟರ್ ತುಂಬಲು 1 ನಿಮಿಷ 20 ಸೆಕೆಂಡ್ ಬೇಕಾಯಿತು ಅಂದುಕೊಳ್ಳಿ. ಆತುರಗಾರರು 850 ಇಂಟು 20, ಭಾಗ 80 ಅಂತ ಒತ್ತಿ 212.5 ಬರೆಯುತ್ತಾರೆ. ಸೆಕೆಂಡಿಗೆ ಎರಡು ಕ್ವಿಂಟಾಲ್ ಎಣ್ಣೆ! ಅಷ್ಟು ಬಂದಿದ್ದರೆ ಪಾತ್ರೆ ಹಿಡಿದವರೇ ಉಳಿಯುತ್ತಿರಲಿಲ್ಲ, ಅಲ್ವಾ? ಸಾಂದ್ರತೆ ಘನ ಮೀಟರಿನ ಲೆಕ್ಕದಲ್ಲಿದ್ದರೆ ಗಾತ್ರವೂ ಘನ ಮೀಟರಿನಲ್ಲೇ ಇರಬೇಕು. 1 ಘನ ಮೀಟರ್ ಅಂದರೆ 1000 ಲೀಟರ್. ಹಾಗಾಗಿ 20 ಲೀಟರ್ 0.02 ಆಗುತ್ತದೆ. 850 ಇಂಟು 0.02, 17 ಕಿಲೋ. ಅದನ್ನು 80ರಿಂದ ಭಾಗಿಸಿದರೆ ಸೆಕೆಂಡಿಗೆ 0.2125 ಕಿಲೋ, ಗಂಟೆಗೆ 765 ಕಿಲೋ.

ನನಗೆ ಒಗ್ಗಿದ್ದು ಲೀಟರಿನ ದಾರಿ. 850 ಅನ್ನು ಲೀಟರಿಗೆ 0.85 ಕಿಲೋ ಅಂತ ಮಾಡಿಕೊಂಡು 20ರಿಂದ ಗುಣಿಸಿ, ಅದೇ 17 ಬರುತ್ತದೆ. ಸೊನ್ನೆಗಳ ಕಾಟ ಕಡಿಮೆ. ಆದರೆ ಎರಡೂ ದಾರಿ ಒಟ್ಟಿಗೆ ಹಿಡಿಯಬೇಡಿ. ಸಾಂದ್ರತೆಯನ್ನೂ ಗಾತ್ರವನ್ನೂ ಎರಡನ್ನೂ 1000ದಿಂದ ಭಾಗಿಸಿ, ಎಣ್ಣೆ ಎಲ್ಲಿ ಹೋಯಿತು ಅಂತ ಹುಡುಕುವವರೂ ಇದ್ದಾರೆ.

ಸಮಯದಲ್ಲೂ ಒಂದು ಗುಂಡಿ ಇದೆ. 1 ನಿಮಿಷ 20 ಸೆಕೆಂಡ್ ಅಂದರೆ 1.20 ನಿಮಿಷ ಅಲ್ಲ. 1.20 ನಿಮಿಷ ಅಂದರೆ 72 ಸೆಕೆಂಡ್. ಹಾಗೆ ಒತ್ತಿದರೆ ಗಂಟೆಯ ಲೆಕ್ಕದಲ್ಲಿ 85 ಕಿಲೋ ಜಾಸ್ತಿ ತೋರಿಸುತ್ತದೆ. ಈ ತಪ್ಪು ಕಣ್ಣಿಗೆ ಬೀಳುವುದಿಲ್ಲ, ಉತ್ತರ ನೋಡೋಕೆ ಸರಿಯಾಗೇ ಇರುತ್ತದೆ. ಮೊದಲೇ ಎಲ್ಲವನ್ನೂ ಸೆಕೆಂಡ್ ಮಾಡಿಬಿಡಿ. ಮೊಬೈಲಿನ ಲೆಕ್ಕದ ಆ್ಯಪ್‌ಗಳಿಂದಲೂ ಇದೇ ಕಾಟ: ನೀವು ಲೀಟರ್ ಕೊಟ್ಟಿರುತ್ತೀರಿ, ಅದು ತನ್ನಷ್ಟಕ್ಕೆ ಘನ ಮೀಟರ್ ಅಂದುಕೊಂಡಿರುತ್ತದೆ. ಒಂದು ತುಂಡು ಕಾಗದವೇ ವಾಸಿ.

ಗಾಳಿಗೆ ಬಕೆಟ್ ಹಿಡಿಯಲಾಗುವುದಿಲ್ಲ, ಅಲ್ಲಿ ಗಾತ್ರ ಹರಿವು ಅಳೆಯುವ ಮೀಟರಿನಿಂದಲೇ ಬರಬೇಕು. ಸಾಂದ್ರತೆಯೂ ಒತ್ತಡ, ಬಿಸಿ ಎರಡರ ಜೊತೆ ಕುಣಿಯುತ್ತದೆ. ಸಮುದ್ರಮಟ್ಟದ ಒತ್ತಡದಲ್ಲಿ, 20 ಡಿಗ್ರಿಯಲ್ಲಿ ಘನ ಮೀಟರ್ ಗಾಳಿ ಸುಮಾರು 1.2 ಕಿಲೋ. ಕಂಪ್ರೆಸರಿನ ಗೇಜ್ 7 ಬಾರ್ ತೋರಿಸಿದರೆ ಒಳಗಿನ ನಿಜವಾದ ಒತ್ತಡ ಸುಮಾರು 8 ಬಾರ್. ಗೇಜ್ ಹೊರಗಿನ ಗಾಳಿಯ ಒತ್ತಡವನ್ನು ಎಣಿಸುವುದೇ ಇಲ್ಲ. ಒಳಗಿನ ಗಾಳಿಯೂ 20 ಡಿಗ್ರಿಯಲ್ಲೇ ಇದ್ದರೆ ಸಾಂದ್ರತೆ ಹೆಚ್ಚುಕಮ್ಮಿ 8 ಪಟ್ಟು. ಇಲ್ಲಿ 1.2 ಹಾಕಿ ಲೆಕ್ಕ ಮುಗಿಸಿದವರ ಉತ್ತರ ನೋಡುವ ಅಗತ್ಯವೇ ಇಲ್ಲ.

ಇನ್ನು ದ್ರವವೇ ಆಗಿದ್ದು, ಕೈಗೆ ಒಳ್ಳೆಯ ತಕ್ಕಡಿ ಸಿಗುವುದಾದರೆ ಸಾಂದ್ರತೆಯ ಗೊಡವೆಯೇ ಬೇಡ. ಪಾತ್ರೆಯನ್ನು ಅದರ ಮೇಲಿಟ್ಟು ತುಂಬಿ, ಬಂದ ತೂಕವನ್ನು ಸೆಕೆಂಡುಗಳಿಂದ ಭಾಗಿಸಿ. ಖಾಲಿ ಪಾತ್ರೆಯ ತೂಕವನ್ನು ಮಾತ್ರ ಮೊದಲೇ ಬರೆದಿಟ್ಟುಕೊಳ್ಳಿ.